ಆಸ್ಟ್ರೇಲಿಯಾದ ನಟ್ಟನಡುವೆ ತಂತಿ ಎಳೆದವರ ಪುಸ್ತಕ: ಖಂಡಿತ ಓದಿ, ಆದ್ರೆ ಕೊನೇ ಭಾಗ ಸಾಲದು

ಆಸ್ಟ್ರೇಲಿಯಾದ ಓವರ್‌ಲ್ಯಾಂಡ್ ಟೆಲಿಗ್ರಾಫ್, ಅಂದ್ರೆ ಖಂಡದ ಒಂದು ತುದಿಯಿಂದ ಇನ್ನೊಂದು ತುದಿಗೆ ಸುದ್ದಿ ಕಳಿಸೋ ತಂತಿ ಲೈನ್, ಅದನ್ನ ಕಟ್ಟಿದ ಕಥೆ ಹೇಳೋ ಈ ಪುಸ್ತಕ ಓದಿ ಮುಗಿಸ್ದೆ. ಇತಿಹಾಸದ ಪುಸ್ತಕ ಅಂದ್ರೆ ಬರೀ ಇಸವಿ, ಒಪ್ಪಂದ, ಗವರ್ನರ್‌ಗಳ ಹೆಸರು ಅಂತ ದೂರ ಇರೋರಿಗೂ ಧೈರ್ಯವಾಗಿ ಕೊಡಬಹುದು, ಅಷ್ಟು ಸಲೀಸಾಗಿ ಓದಿಸ್ಕೊಂಡು ಹೋಗತ್ತೆ. ಅಡಿಲೇಡ್‌ನಿಂದ ಡಾರ್ವಿನ್‌ವರೆಗೆ ಸುಮಾರು 3,200 ಕಿಲೋಮೀಟರ್, ಸುಮಾರು 36,000 ಕಂಬ, ಒಂದೇ ಒಂದು ಕಬ್ಬಿಣದ ತಂತಿ, 1870ರಲ್ಲಿ ಶುರು 1872ರಲ್ಲಿ ಮುಕ್ತಾಯ. ದಕ್ಷಿಣದ ಪೋರ್ಟ್ ಅಗಸ್ಟಾದಿಂದ ಉತ್ತರದ ಸಮುದ್ರದ ತನಕ ಎಲ್ಲಾ ಹೊಸ ಕೆಲಸ, ಆ ದಾರೀಲಿ ಪೂರ್ತಿ ದಾಟಿ ಜೀವಂತ ವಾಪಸ್ ಬಂದಿದ್ದ ಬಿಳಿಯರು ಅಂದ್ರೆ 1862ರಲ್ಲಿ ಜಾನ್ ಮೆಕ್‌ಡೂಅಲ್ ಸ್ಟುವರ್ಟ್ ಮತ್ತು ಅವನ ತಂಡ ಮಾತ್ರ. ಅವನ ಕೈಯಲ್ಲಿ ಬರೆದ ನಕ್ಷೆ ನಂಬ್ಕೊಂಡು ಒಂದು ಸರ್ಕಾರ ಕಂಬ ನೆಡೋಕೆ ಹೊರಟಿದ್ದು ಅಂದ್ರೆ ಇವತ್ತಿಗೂ ಮೈ ಜುಂ ಅನ್ನತ್ತೆ.

ಹಿನ್ನೆಲೆ ಚಿಕ್ಕದಾಗಿ ಹೇಳ್ತೀನಿ. ಆಗ ಲಂಡನ್ ಸುದ್ದಿ ಆಸ್ಟ್ರೇಲಿಯಾಗೆ ಬರ್ಬೇಕಂದ್ರೆ ಹಡಗೇ ಗತಿ, ತಿಂಗಳುಗಟ್ಟಲೆ ಕಾಯ್ಬೇಕು, ಉಣ್ಣೆ ಮಾರೋ ವ್ಯಾಪಾರಿಗೆ ಲಂಡನ್ನಿನ ರೇಟ್ ಗೊತ್ತಾಗೋ ಹೊತ್ತಿಗೆ ಆ ರೇಟೇ ಇರ್ತಿರ್ಲಿಲ್ಲ. ಬ್ರಿಟಿಷ್ ಕಂಪನಿಯೊಂದು ಜಾವಾದಿಂದ ಸಮುದ್ರದೊಳಗೆ ಕೇಬಲ್ ಹಾಕಿ ಆಸ್ಟ್ರೇಲಿಯಾದ ಉತ್ತರ ತೀರಕ್ಕೆ ಮುಟ್ಟಿಸ್ತೀವಿ ಅಂತ ಬಂದಾಗ ಕ್ವೀನ್ಸ್‌ಲ್ಯಾಂಡ್ ಮತ್ತು ಸೌತ್ ಆಸ್ಟ್ರೇಲಿಯಾ ಎರಡೂ ವಸಾಹತುಗಳು ನಮ್ಮ ಕಡೆ ಬರ್ಲಿ ಅಂತ ಪೈಪೋಟಿಗೆ ಬಿದ್ವು. ಸೌತ್ ಆಸ್ಟ್ರೇಲಿಯಾದ ಜನಸಂಖ್ಯೆ ಆಗ ಎರಡು ಲಕ್ಷಕ್ಕಿಂತ ಕಡಿಮೆ. ಅಷ್ಟು ಸಣ್ಣ ವಸಾಹತು ಎದ್ದು ನಿಂತು, ಕೇಬಲ್ ಡಾರ್ವಿನ್‌ಗೆ ತನ್ನಿ, ಅಲ್ಲಿಂದ ಕೆಳಗೆ ಪೂರ್ತಿ ಖಂಡ ದಾಟಿ ತಂತಿ ನಾವೇ ನಮ್ಮ ಖರ್ಚಲ್ಲಿ ಹಾಕ್ತೀವಿ, 1872ರ ಜನವರಿ 1ಕ್ಕೆ ರೆಡಿ ಇರತ್ತೆ ಅಂತ ಮಾತು ಕೊಟ್ಬಿಡ್ತು. ಅಂದಾಜು ಖರ್ಚು 1,20,000 ಪೌಂಡ್ ಅಂತ ಹಾಕಿದ್ರು, ಕೊನೆಗೆ ಆಗಿದ್ದು ಸುಮಾರು 4,80,000. ಈ ರಾಜಕೀಯವನ್ನ ಲೇಖಕರು ಎಳೆಯದೇ ಚುರುಕಾಗಿ ಮುಗಿಸ್ತಾರೆ, ಅದು ನಂಗೆ ಇಷ್ಟ ಆಯ್ತು, ಯಾಕಂದ್ರೆ ನಿಜವಾದ ಕಥೆ ಇರೋದು ನೆಲದ ಮೇಲೆ.

ಇಡೀ ಕೆಲಸದ ಮುಖ್ಯಸ್ಥ ಚಾರ್ಲ್ಸ್ ಟಾಡ್. ಗ್ರೀನಿಚ್ ವೀಕ್ಷಣಾಲಯದಲ್ಲಿ ಲೆಕ್ಕ ಹಾಕ್ತಿದ್ದ ಹುಡುಗ, 1855ರಲ್ಲಿ ಹೆಂಡ್ತಿ ಆಲಿಸ್ ಜೊತೆ ಅಡಿಲೇಡ್‌ಗೆ ಬಂದು ಖಗೋಳ ವೀಕ್ಷಣೆ ಮತ್ತು ಟೆಲಿಗ್ರಾಫ್ ಎರಡನ್ನೂ ನೋಡ್ಕೊಳ್ಳೋ ಅಧಿಕಾರಿ ಆದವ. ಪುಸ್ತಕದಲ್ಲಿ ಟಾಡ್ ಚಿತ್ರಣ ಚೆನ್ನಾಗಿದೆ, ಶ್ಲೇಷೆ ಮಾಡೋ ಹುಚ್ಚು, ಅಕೌಂಟ್ ವಿಷಯದಲ್ಲಿ ಕಟ್ಟುನಿಟ್ಟು, ಕಾಗದದ ಮೇಲೆ ಪ್ರತಿಯೊಂದನ್ನೂ ಮೊದಲೇ ಯೋಚಿಸಿ ಇಟ್ಟಿರೋ ಮನುಷ್ಯ. ಆದ್ರೆ ಕೆಲವು ಕಡೆ ಲೇಖಕರು "ಆ ರಾತ್ರಿ ಟಾಡ್ ನಿದ್ದೆ ಮಾಡಿರಲಿಕ್ಕಿಲ್ಲ" ಅನ್ನೋ ಥರದ ವಾಕ್ಯ ತುಂಬಿಸ್ತಾರೆ, ಅಂಥದ್ದು ಬೇಕಾಗಿರ್ಲಿಲ್ಲ. ಇವರ ಹತ್ರ ಪತ್ರಗಳಿವೆ, ಡೈರಿಗಳಿವೆ, ಅವುಗಳ ಮಾತೇ ಸಾಕಷ್ಟು ಜೋರಾಗಿದೆ. 1868ರಲ್ಲಿ ಇದೇ ಟಾಡ್ ಟೆಲಿಗ್ರಾಫ್ ಮೂಲಕ ಸಮಯ ಹೋಲಿಸಿ ರೇಖಾಂಶ ಲೆಕ್ಕ ಹಾಕಿ, ಸೌತ್ ಆಸ್ಟ್ರೇಲಿಯಾ ಮತ್ತು ವಿಕ್ಟೋರಿಯಾ ನಡುವಿನ ಗಡಿ ನಿಜವಾದ ಜಾಗದಿಂದ ಎರಡು ಮೈಲಿಗೂ ಹೆಚ್ಚು ಪಶ್ಚಿಮಕ್ಕೆ ಸರಿದಿದೆ ಅಂತ ತೋರಿಸಿದ್ದ. ಊಹೆಯ ವಾಕ್ಯಗಳ ಬದಲು ಇಂಥ ಒಂದೆರಡು ಘಟನೆ ಹಾಕಿದ್ರೆ ಮನುಷ್ಯ ಎಂಥವನು ಅಂತ ತಾನೇ ಗೊತ್ತಾಗ್ತಿತ್ತು.

ಈಗ ಪುಸ್ತಕದ ಜೀವಾಳಕ್ಕೆ ಬರ್ತೀನಿ. ಲೈನನ್ನ ಟಾಡ್ ಮೂರು ತುಂಡು ಮಾಡಿದ. ದಕ್ಷಿಣದ್ದು ಎಡ್ವರ್ಡ್ ಮೀಡ್ ಬಾಗಟ್ ಅನ್ನೋ ಕಾಂಟ್ರ್ಯಾಕ್ಟರ್‌ಗೆ, ಉತ್ತರದ್ದು ಡಾರ್ವೆಂಟ್ ಮತ್ತು ಡಾಲ್‌ವುಡ್ ಅನ್ನೋರಿಗೆ, ನಡುವಿನ ಮರುಭೂಮಿ ಯಾವ ಕಾಂಟ್ರ್ಯಾಕ್ಟರ್ ಕೈಗೂ ಕೊಡೋ ಹಾಗಿಲ್ಲ ಅಂತ ಸರ್ಕಾರದ ಐದು ತಂಡಗಳಿಗೆ. ಎಲ್ಲರ ಭಯ ಇದ್ದಿದ್ದು ಆ ನಡುವಿನ ಭಾಗದ ಮೇಲೆ, ನೀರಿಲ್ಲ, ಮರ ಇಲ್ಲ, ದಾರಿ ಇಲ್ಲ. ಅದಕ್ಕೇ ತಯಾರಿಯೆಲ್ಲಾ ಅಲ್ಲಿಗೇ ಹೋಯ್ತು, ಅನುಭವಿ ಸರ್ವೇಯರ್‌ಗಳು, ಮುಂದೆ ದಾರಿ ಹುಡುಕೋಕೆ ಜಾನ್ ರಾಸ್ ತಂಡ, ಒಂಟೆ, ಕುದುರೆ, ಎತ್ತಿನ ಗಾಡಿ. ಉತ್ತರದ ಭಾಗ ಸುಲಭ ಅಂದ್ಕೊಂಡ್ರು, ಸಮುದ್ರ ಪಕ್ಕದಲ್ಲೇ ಇದೆ ಸಾಮಾನು ಹಡಗಲ್ಲಿ ಇಳಿಸಬಹುದು, ಮರ ಬೇಕಾದಷ್ಟಿದೆ, ನೀರಿಗೆ ಬರ ಇಲ್ಲ. ಆಗಿದ್ದು ಪೂರ್ತಿ ಉಲ್ಟಾ. ಮರುಭೂಮಿಯ ತಂಡಗಳು ಮರವೇ ಇಲ್ಲದ ಕಡೆ ಎಷ್ಟೋ ದೂರದಿಂದ ಕಂಬ ಎಳ್ಕೊಂಡು ಬಂದು, ಹೆಚ್ಚುಕಡಿಮೆ ಹೇಳಿದ ಟೈಮಿಗೇ ಕೆಲಸ ಮುಗಿಸಿದ್ವು. ಇಡೀ ಯೋಜನೆ ಕುಸಿದು ಬಿದ್ದಿದ್ದು ನೀರು ಧಾರಾಳವಾಗಿದ್ದ ಉತ್ತರದಲ್ಲಿ. ನೀರಿಲ್ಲದಿದ್ರೆ ಏನು ಮಾಡೋದು ಅಂತ ಎಲ್ಲರೂ ಯೋಚಿಸಿದ್ರು, ಕಂಬ ನಿಲ್ಲದಷ್ಟು ನೀರು ಬಂದ್ರೆ ಏನು ಮಾಡೋದು ಅಂತ ಯಾರೂ ಯೋಚಿಸಿರ್ಲಿಲ್ಲ.

ಉತ್ತರದ ಆ ಅಧ್ಯಾಯಗಳು ಅದ್ಭುತ, ಇದಕ್ಕಾಗೇ ಪುಸ್ತಕ ತಗೊಂಡ್ರೂ ನಷ್ಟ ಇಲ್ಲ. 1870ರ ಸೆಪ್ಟೆಂಬರ್ 15ಕ್ಕೆ ಡಾರ್ವಿನ್‌ನಲ್ಲಿ ಮೊದಲ ಕಂಬ ನೆಟ್ಟರು, ಅಲ್ಲಿನ ಸರ್ಕಾರಿ ಅಧಿಕಾರಿಯ ಮಗಳು ಹ್ಯಾರಿಯೆಟ್ ಡಗ್ಲಸ್ ಕೈಯಿಂದ ಸಮಾರಂಭ ಮಾಡಿಸಿದ್ರು, ಮೊದಲ ಕೆಲವು ವಾರ ಕೆಲಸ ಸರಸರ ಅಂತ ಸಾಗ್ತು. ಆಮೇಲೆ ಮಳೆಗಾಲ ಬಂತು. ಉಷ್ಣವಲಯದ ಮಳೆ ಅಂದ್ರೆ ದಕ್ಷಿಣದಿಂದ ಬಂದ ಆ ಕೂಲಿಯವರಿಗೆ ಏನಂತಾನೇ ಗೊತ್ತಿರ್ಲಿಲ್ಲ. ಗಾಡಿ ಚಕ್ರ ಅಚ್ಚಿನ ತನಕ ಕೆಸರಲ್ಲಿ ಹೂತು ಹೋಗೋದು, ಎತ್ತುಗಳು ನಿಂತಲ್ಲೇ ಸೋತು ಬೀಳೋದು, ನದಿ ದಾಟಿ ಆ ಕಡೆ ಇದ್ದ ತಂಡಕ್ಕೆ ಹಿಟ್ಟು ಮಾಂಸ ತಲುಪದೇ ಇದ್ದಿದ್ದು ಕೊಳೀತಾ ಬರೋದು, ಸೊಳ್ಳೆ ಕಾಟದಲ್ಲಿ ರಾತ್ರಿ ನಿದ್ದೆ ಇಲ್ಲದೇ ಇರೋದು, ಇದನ್ನೆಲ್ಲಾ ಲೇಖಕರು ಪುಟಗಟ್ಟಲೆ ಬರೆದ್ರೂ ಒಂದು ಸಾಲು ಕೂಡ ಹೆಚ್ಚಾಯ್ತು ಅನ್ಸಲ್ಲ. 1871ರ ಮಾರ್ಚ್‌ನಲ್ಲಿ ಕೆಲಸಗಾರರು ಇನ್ನು ಆಗಲ್ಲ ಅಂತ ಸ್ಟ್ರೈಕ್ ಮಾಡಿದ್ರು. ಮೇ ತಿಂಗಳಲ್ಲಿ ಸರ್ಕಾರದ ಮೇಲ್ವಿಚಾರಕ ವಿಲಿಯಂ ಮೆಕ್‌ಮಿನ್ ತಾನೇ ನಿರ್ಧಾರ ಮಾಡಿ ಕಾಂಟ್ರ್ಯಾಕ್ಟ್ ರದ್ದು ಮಾಡ್ಬಿಟ್ಟ, ಜನರನ್ನ ಕರ್ಕೊಂಡು ಅಡಿಲೇಡ್‌ಗೆ ಹಡಗು ಹತ್ತಿದ. ಅಡಿಲೇಡ್‌ನಲ್ಲಿ ಟಾಡ್‌ಗೆ ಇದ್ಯಾವುದೂ ಗೊತ್ತಿಲ್ಲ, ಹೇಗೆ ಗೊತ್ತಾಗ್ಬೇಕು, ತಂತಿ ಇನ್ನೂ ಇಲ್ವಲ್ಲ, ಹಡಗು ಬಂದು ತಲುಪಿದ ಮೇಲೇ ಸುದ್ದಿ. ಗಡುವಿಗೆ ಆಗ ಉಳಿದಿದ್ದು ಅರ್ಧ ವರ್ಷಕ್ಕೂ ಕಡಿಮೆ.

ಮೆಕ್‌ಮಿನ್ ಮಾಡಿದ್ದು ಸರಿಯಾ ಅನ್ನೋದರಲ್ಲಿ ಲೇಖಕರು ಅವನ ಮೇಲೆ ಸ್ವಲ್ಪ ಗಟ್ಟಿಯಾಗೇ ಬೀಳ್ತಾರೆ. ನಂಗೆ ಇದು ಒಪ್ಪಿಗೆ ಇಲ್ಲ. ಕಾಂಟ್ರ್ಯಾಕ್ಟರ್‌ಗಳ ಹತ್ರ ಜನ ಇಲ್ಲ, ದನ ಇಲ್ಲ, ಕೆಲಸ ನಿಂತೇ ಹೋಗಿದೆ, ಮೇಲಿನವರನ್ನ ಕೇಳೋಣ ಅಂದ್ರೆ ಉತ್ತರ ಬರೋಕೆ ತಿಂಗಳುಗಟ್ಟಲೆ ಬೇಕು, ಅಂಥ ಜಾಗದಲ್ಲಿ ನಿಂತವನು ಏನಾದ್ರೂ ಒಂದು ನಿರ್ಧಾರ ತಗೊಳ್ಳಲೇಬೇಕಿತ್ತು. ಒಣಹವೆ ಶುರುವಾಗೋ ಹೊತ್ತಲ್ಲಿ ಎಲ್ಲರನ್ನೂ ವಾಪಸ್ ಕರ್ಕೊಂಡು ಹೋಗಿದ್ದು ದೊಡ್ಡ ನಷ್ಟ ಅನ್ನೋದು ನಿಜ, ಒಪ್ತೀನಿ, ಆದ್ರೆ ಆ ನಷ್ಟಕ್ಕೆ ಬೀಜ ಬಿದ್ದಿದ್ದು ಅಡಿಲೇಡ್‌ನ ಆಫೀಸಲ್ಲಿ, ಮಳೆಗಾಲದ ಹೊಸ್ತಿಲಲ್ಲಿ ಕೆಲಸ ಶುರು ಮಾಡಿಸಿದಾಗ.

ಆಮೇಲೆ ಇಂಜಿನಿಯರ್ ರಾಬರ್ಟ್ ಪ್ಯಾಟರ್ಸನ್ ಹೊಸ ತಂಡ ಕಟ್ಕೊಂಡು ಹಡಗುಗಳಲ್ಲಿ ಎತ್ತು, ಕುದುರೆ ತುಂಬ್ಕೊಂಡು ಉತ್ತರಕ್ಕೆ ಹೋದ, ಅವನಿಗೂ ಅದೇ ಗತಿ, ಪ್ರಾಣಿಗಳು ಸತ್ವು, ಮತ್ತೆ ಮಳೆಗಾಲ ಬಂದು ಬಡೀತು. 1871ರ ನವೆಂಬರ್‌ನಲ್ಲಿ ಕಂಪನಿ ಕೇಬಲ್ ಡಾರ್ವಿನ್ ತೀರಕ್ಕೆ ಮುಟ್ಟಿಸಿಯೇ ಬಿಡ್ತು, ಮಾತು ಕೊಟ್ಟಿದ್ದ ನೆಲದ ತಂತಿ ಎಲ್ಲೋ ಅರ್ಧದಲ್ಲಿ. ಜನವರಿ 1 ಕಳೆದುಹೋಯ್ತು. ಕೊನೆಗೆ ಟಾಡ್ ತಾನೇ ಬಂದ, ರೋಪರ್ ನದಿಯ ಬಾಯಿಂದ ಒಳಗೆ ಹಡಗು ತಂದು ಅಲ್ಲೇ ಸಾಮಾನು ಇಳಿಸಿ ಉತ್ತರದ ಭಾಗದಲ್ಲಿ ಇನ್ನೂ ಉಳಿದಿದ್ದ ತುಂಡಿಗೆ ಹತ್ತಿರದ ದಾರಿ ಮಾಡ್ದ. ಇಲ್ಲಿ ಒಂದು ಮಾತು, ರೋಪರ್ ಎಲ್ಲಿದೆ, ಡಾರ್ವಿನ್‌ನಿಂದ ಎಷ್ಟು ದೂರ, ಅಲ್ಲಿಂದ ಲೈನ್ ಎಷ್ಟು ದೂರ ಅಂತ ತಿಳಿಯದೇ ಇದ್ರೆ ಈ ನಿರ್ಧಾರದ ಬುದ್ಧಿವಂತಿಕೆ ಅರ್ಥವೇ ಆಗಲ್ಲ, ಪುಸ್ತಕದಲ್ಲಿರೋದು ಒಂದೇ ಒಂದು ಮ್ಯಾಪ್, ಅದೂ ಎರಡು ಪುಟಕ್ಕೆ ಹರಡಿ ನಡುವಿನ ಹೊಲಿಗೆಯೊಳಗೆ ಅರ್ಧ ಲೈನ್ ಮಾಯ. ಮೂರು ಭಾಗಕ್ಕೆ ಮೂರು ಮ್ಯಾಪ್ ಬೇಕೇ ಬೇಕಿತ್ತು. ಓದುವಾಗ ಪಕ್ಕದಲ್ಲಿ ಫೋನಲ್ಲಿ ಮ್ಯಾಪ್ ತೆಗೆದಿಟ್ಕೊಳ್ಳಿ, ಕೇಥರಿನ್, ಡೇಲಿ ವಾಟರ್ಸ್, ಟೆನೆಂಟ್ ಕ್ರೀಕ್, ಬ್ಯಾರೋ ಕ್ರೀಕ್ ಎಲ್ಲಾ ಇವತ್ತಿಗೂ ಅದೇ ಹೆಸರಲ್ಲಿ ಹೆದ್ದಾರಿ ಉದ್ದಕ್ಕೂ ಸಿಗತ್ವೆ.

ಲೈನಿನ ಕೆಲಸ ಕೊನೇ ಹಂತಕ್ಕೆ ಬಂದಾಗಿನ ಭಾಗ ಓದೋಕೆ ತುಂಬಾ ಚೆಂದ. ಎರಡು ಕಡೆಯಿಂದ ತಂತಿ ಬಂದಿದೆ, ನಡುವೆ ಗ್ಯಾಪ್ ಇದೆ, ಅಲ್ಲಿ ಜಾನ್ ಲೂಯಿಸ್ ಅನ್ನೋನ ಕುದುರೆ ಸವಾರರು ಒಂದು ತುದಿಯಲ್ಲಿ ಟೆಲಿಗ್ರಾಂ ಇಸ್ಕೊಂಡು ಇನ್ನೊಂದು ತುದಿಗೆ ಓಡ್ಸೋದು. 1872ರ ಜೂನ್‌ನಲ್ಲಿ ಹೀಗೆ ಲಂಡನ್ ಸುದ್ದಿ ಮೊದಲ ಸಲ ಅಡಿಲೇಡ್ ಮುಟ್ಟಕ್ಕೆ ಶುರು ಆಯ್ತು, ಅದೇ ತಿಂಗಳ ಕೊನೆಗೆ ಸಮುದ್ರದೊಳಗಿನ ಕೇಬಲ್ ಕಟ್ ಆಗೋಯ್ತು! ಗಡುವು ಮೀರಿದ್ದಕ್ಕೆ ಕಂಪನಿ ಹಾಕ್ತಿದ್ದ ಒತ್ತಡ ಆವತ್ತಿಗೆ ಸಡಿಲ ಆಯ್ತು, ಟಾಡ್‌ಗೆ ಉಸಿರಾಡೋಕೆ ಸ್ವಲ್ಪ ಟೈಮ್ ಸಿಕ್ತು. ಆಗಸ್ಟ್ 22ಕ್ಕೆ ಫ್ರೂಸ್ ಪಾಂಡ್ಸ್ ಅನ್ನೋ ಜಾಗದಲ್ಲಿ ಪ್ಯಾಟರ್ಸನ್ ಎರಡು ತುದಿ ಜೋಡಿಸ್ದ. ಜನ ಎರಡೂ ಕಡೆ ತಂತಿ ಹಿಡ್ಕೊಂಡು ಶಕ್ತಿಯೆಲ್ಲಾ ಹಾಕಿ ಎಳೀತಿದ್ದಾರೆ, ಇವನು ಕೈ ಹಾಕಿದ ತಕ್ಷಣ ಶಾಕ್ ಹೊಡೀತು, ಯಾಕಂದ್ರೆ ಆ ಕಡೆ ತಂತಿಯಲ್ಲಿ ಕರೆಂಟ್ ಓಡ್ತಾ ಇತ್ತು, ಆಮೇಲೆ ಕರ್ಚೀಫ್ ಹಿಡ್ಕೊಂಡು ಮತ್ತೆ ಪ್ರಯತ್ನ ಮಾಡ್ದ. ಟಾಡ್ ಆ ಹೊತ್ತಿಗೆ ಸೆಂಟ್ರಲ್ ಮೌಂಟ್ ಸ್ಟುವರ್ಟ್ ಹತ್ರ ಕ್ಯಾಂಪ್‌ನಲ್ಲಿ ಪುಟ್ಟ ಯಂತ್ರ ತಂತಿಗೆ ಸಿಕ್ಕಿಸಿಕೊಂಡು ನೆಲದ ಮೇಲೆ ಕೂತಿದ್ದ, ಎಲ್ಲಾ ಕಡೆಯಿಂದ ಅಭಿನಂದನೆಗಳು ಬರ್ತಿದ್ವು. ಕೇಬಲ್ ಅಕ್ಟೋಬರ್‌ನಲ್ಲಿ ರಿಪೇರಿ ಆಗಿ ಲಂಡನ್ ತನಕ ನಿಜವಾಗಿ ಸಂಪರ್ಕ ಆಯ್ತು. ಡಾರ್ವಿನ್, ಜಾವಾ, ಸಿಂಗಾಪುರ, ಪಿನಾಂಗ್, ಅಲ್ಲಿಂದ ಮದ್ರಾಸ್, ಮದ್ರಾಸಿಂದ ನೆಲದ ತಂತಿಯಲ್ಲಿ ಬಾಂಬೆ, ಆಮೇಲೆ ಏಡನ್, ಸೂಯೆಜ್, ಮಾಲ್ಟಾ, ಹೀಗೆ ಸಾಗ್ತಿತ್ತು ಮೆಸೇಜ್. ಇಪ್ಪತ್ತು ಪದಕ್ಕೆ ಹತ್ತು ಪೌಂಡ್ ಹತ್ರ ಹತ್ರ. ಇಡೀ ಸರಪಳಿಯನ್ನ ಲೇಖಕರು ಒಂದೇ ಪ್ಯಾರಾದಲ್ಲಿ ಮುಗಿಸಿದ್ದು ಬೇಜಾರಾಯ್ತು.

ಅದಕ್ಕಿಂತ ದೊಡ್ಡ ಕೊರತೆ ಅಂದ್ರೆ ತಂತಿ ಕೆಲಸ ಮಾಡೋದು ಹೇಗೆ ಅನ್ನೋದನ್ನ ಸರಿಯಾಗಿ ಹೇಳಿಲ್ಲ. ಕಂಬದಿಂದ ಕಂಬಕ್ಕೆ ಹೋಗ್ತಾ ಹೋಗ್ತಾ ಕರೆಂಟ್ ಇನ್ಸುಲೇಟರ್ (ಕರೆಂಟ್ ಕಂಬಕ್ಕೆ ಇಳಿಯದ ಹಾಗೆ ತಂತಿ ಹಿಡಿದಿಡೋ ತುಂಡು) ಮೇಲಿನ ತೇವ, ಧೂಳು ಮೂಲಕ ಸ್ವಲ್ಪ ಸ್ವಲ್ಪವೇ ನೆಲಕ್ಕೆ ಸೋರಿ ಹೋಗತ್ತೆ, ತಂತಿಯೂ ತಡೆ ಒಡ್ಡತ್ತೆ, ಹಾಗಾಗಿ ಕೆಲವು ನೂರು ಕಿಲೋಮೀಟರ್ ಆದ್ಮೇಲೆ ಸಿಗ್ನಲ್ ಎಷ್ಟು ವೀಕ್ ಆಗಿರತ್ತೆ ಅಂದ್ರೆ ಕೇಳಿಸಲ್ಲ. ಅದಕ್ಕೇ ಸುಮಾರು 250, 300 ಕಿಲೋಮೀಟರ್‌ಗೊಂದು ಸ್ಟೇಷನ್. ಅಲ್ಲಿ ಒಬ್ಬ ಆಪರೇಟರ್ ಮೋರ್ಸ್ ಸಂಕೇತದ ಚುಕ್ಕೆ ಗೆರೆ ಕೇಳಿಸ್ಕೊಂಡು ಬರ್ಕೊಂಡು, ಹೊಸ ಬ್ಯಾಟರಿ ಬಲದಲ್ಲಿ ಮುಂದಿನ ಸ್ಟೇಷನ್‌ಗೆ ತನ್ನ ಕೈಯಾರೆ ಮತ್ತೆ ಕುಟ್ಟಿ ಕಳಿಸ್ತಿದ್ದ. ಅಂದ್ರೆ ಲಂಡನ್‌ನಿಂದ ಬಂದ ಒಂದು ವಾಕ್ಯ ಆಸ್ಟ್ರೇಲಿಯಾದೊಳಗೇ ಹತ್ತಾರು ಜನರ ಕಿವಿ ಮತ್ತು ಬೆರಳು ದಾಟಿ ಅಡಿಲೇಡ್ ಸೇರ್ತಿತ್ತು. ಇದು ಗೊತ್ತಾದ್ರೆ ಖಂಡದ ನಡುವಿನ ಆಲಿಸ್ ಸ್ಪ್ರಿಂಗ್ಸ್ ಊರು ಯಾಕೆ ಅಲ್ಲಿ ಹುಟ್ತು ಅನ್ನೋದು ಅರ್ಥ ಆಗತ್ತೆ. ಲೈನಿನ ನಡುವೆ ಸ್ಟೇಷನ್ ಬೇಕಿತ್ತು, ಸ್ಟೇಷನ್‌ಗೆ ನೀರು ಬೇಕಿತ್ತು, 1871ರ ಮಾರ್ಚ್‌ನಲ್ಲಿ ಸರ್ವೇಯರ್ ವಿಲಿಯಂ ಮಿಲ್ಸ್ ಮ್ಯಾಕ್‌ಡಾನೆಲ್ ಬೆಟ್ಟಸಾಲಲ್ಲಿ ದಾರಿ ಹುಡುಕ್ತಾ ನದಿಪಾತ್ರದಲ್ಲಿ ನೀರಿನ ಗುಂಡಿ ಕಂಡ, ಅದಕ್ಕೆ ಟಾಡ್‌ನ ಹೆಂಡ್ತಿ ಆಲಿಸ್ ಹೆಸರಿಟ್ಟ, ನದಿಗೆ ಟಾಡ್ ಹೆಸರಿಟ್ಟ. ಅಲ್ಲಿನ ಮೂಲನಿವಾಸಿ ಅರೆರ್ಂಟೆ ಜನರಿಗೆ ಆ ಊರು ಅದಕ್ಕೂ ಮುಂಚಿನಿಂದ ಮ್ಪಾರ್ನ್‌ಟ್ವೆ.

ಒಂಟೆಗಳ ಬಗ್ಗೆ ಇರೋ ಅಧ್ಯಾಯ ಚಿಕ್ಕದಾದ್ರೂ ಚೊಕ್ಕ. 1866ರಲ್ಲಿ ಥಾಮಸ್ ಎಲ್ಡರ್ ಕರಾಚಿಯಿಂದ ಒಂಟೆ ತರಿಸಿ ಬೆಲ್ಟಾನಾದಲ್ಲಿ ಸಾಕಿದ್ದು, ಅವುಗಳ ಜೊತೆ ಬಂದ ಬಲೂಚಿ, ಸಿಂಧಿ, ಪಠಾಣ್ ಜನರನ್ನೆಲ್ಲಾ ಅಲ್ಲಿ ಒಟ್ಟಿಗೆ "ಅಫ್ಘಾನ್" ಅಂತ ಕರೀತಿದ್ದಿದ್ದು, ಕಾಮಗಾರಿಗೂ ಆಮೇಲೆ ಸ್ಟೇಷನ್‌ಗಳಿಗೂ ಸಾಮಾನು ಸಾಗಿಸಿದ್ದು, ಎಲ್ಲಾ ಇದೆ.

ನನ್ನ ನಿಜವಾದ ತಕರಾರು ಕೊನೇ ಭಾಗದ ಮೇಲೆ. ತಂತಿ ಜೋಡಿಸಿದ ದಿನ ಬಂದ ಮೇಲೆ ಪುಸ್ತಕ ಸರಸರ ಓಡಿ ಮುಗಿದುಬಿಡತ್ತೆ. ಕಟ್ಟಿದ್ದು ಎರಡು ವರ್ಷ, ಕಾಪಾಡಿದ್ದು ಎಷ್ಟೋ ದಶಕ! ಗೆದ್ದಲು ಉತ್ತರದ ಮರದ ಕಂಬಗಳನ್ನ ತಿಂದು ಟೊಳ್ಳು ಮಾಡಿತು, ಅವನ್ನೆಲ್ಲಾ ಕಿತ್ತು ಕಬ್ಬಿಣದ ಕಂಬ ಹಾಕ್ಬೇಕಾಯ್ತು, ಅದು ಎರಡನೇ ಸಲ ಲೈನ್ ಕಟ್ಟಿದ ಹಾಗೇ ಅಲ್ವಾ, ಇದಕ್ಕೆ ಇಲ್ಲಿ ಅರ್ಧ ಪುಟ. ವರ್ಷಕ್ಕೊಂದು ಸಲ ಸಾಮಾನು ಬರೋ ಸ್ಟೇಷನ್‌ನಲ್ಲಿ ನಾಲ್ಕಾರು ಗಂಡಸರು ವರ್ಷಗಟ್ಟಲೆ ಹೇಗೆ ಬದುಕಿದ್ರು, ತಂತಿ ತುಂಡಾದಾಗ ಎರಡು ಕಡೆಯ ಸ್ಟೇಷನ್‌ನಿಂದ ಲೈನ್‌ಮ್ಯಾನ್‌ಗಳು ಹೇಗೆ ಹೊರಡ್ತಿದ್ರು, ಇದೂ ಅಷ್ಟಕ್ಕಷ್ಟೇ. ಅದೇ ಸ್ಟೇಷನ್‌ಗಳಿಂದ ಮಳೆ, ಗಾಳಿ, ಉಷ್ಣಾಂಶದ ವರದಿ ತರಿಸಿ ಟಾಡ್ ಖಂಡದ ಹವಾಮಾನ ನಕ್ಷೆ ಕಟ್ಟಿದ್ದನ್ನ ಒಂದು ಸಾಲಲ್ಲಿ ಹೇಳಿ ಮುಂದೆ ಹೋಗಿದ್ದಾರೆ, ನನ್ನ ಪ್ರಕಾರ ಅದು ಟೆಲಿಗ್ರಾಂಗಿಂತ ಕಡಿಮೆ ಸಾಧನೆ ಏನಲ್ಲ.

ಅದಕ್ಕಿಂತ ಮುಖ್ಯ, ಆ ನೆಲದ ಜನ. ಲೈನ್ ಹೋಗಿದ್ದು ಖಾಲಿ ಜಾಗದ ಮೇಲಲ್ಲ, ಲಾರಾಕಿಯಾ, ವಾರುಮುಂಗು, ಕೈಟೆಟ್ಯೆ, ಅರೆರ್ಂಟೆ, ಅರಬಾನಾ ಜನರ ಊರು, ದಾರಿ, ನೀರಿನ ಗುಂಡಿಗಳ ಮೇಲೆ. ಸ್ಟೇಷನ್‌ಗೆ ನೀರು ಬೇಕು, ಹಾಗಾಗಿ ಪ್ರತಿ ಸ್ಟೇಷನ್ನೂ ಅವರ ನೀರಿನ ಮೇಲೇ ಕೂತಿತು, ದನ ಕುದುರೆ ಬಂದು ನೀರು ಕೆಡಿಸಿದ್ವು. ಈ ಒಂದು ಮಾತು ಪುಸ್ತಕದ ಮೊದಲ ಅಧ್ಯಾಯದಿಂದಲೇ ಹರಿದು ಬರ್ಬೇಕಿತ್ತು, ಯಾಕಂದ್ರೆ ನೀರಿನ ಕಥೆಯನ್ನೇ ಇವರು ಇಷ್ಟು ಚೆನ್ನಾಗಿ ಹೇಳ್ತಿರೋದು. ಬದಲಿಗೆ ಸ್ಥಳೀಯರು ಬರೋದು ಹೆಚ್ಚಾಗಿ ಇನ್ಸುಲೇಟರ್ ಒಡೆದು ಈಟಿ ಮೊನೆ ಮಾಡ್ಕೊಂಡವರಾಗಿ, ಕಂಬದ ಬುಡದ ಕಬ್ಬಿಣ ತಗೊಂಡು ಕೊಡಲಿ ಮಾಡ್ಕೊಂಡವರಾಗಿ. 1874ರ ಫೆಬ್ರವರಿಯಲ್ಲಿ ಬ್ಯಾರೋ ಕ್ರೀಕ್ ಸ್ಟೇಷನ್ ಮೇಲೆ ಕೈಟೆಟ್ಯೆ ಜನ ದಾಳಿ ಮಾಡಿದ್ರು, ಲೈನ್‌ಮ್ಯಾನ್ ಜಾನ್ ಫ್ರ್ಯಾಂಕ್ ಸತ್ತ, ಸ್ಟೇಷನ್ ಮಾಸ್ಟರ್ ಜೇಮ್ಸ್ ಸ್ಟೇಪಲ್‌ಟನ್ ಗಾಯಗೊಂಡು ಸಾಯೋ ಮುಂಚೆ ಅಡಿಲೇಡ್‌ನಲ್ಲಿದ್ದ ಹೆಂಡ್ತಿಗೆ ತಂತಿಯಲ್ಲೇ ವಿದಾಯ ಹೇಳಿದ. ಈ ದೃಶ್ಯವನ್ನ ಲೇಖಕರು ಮನಕರಗೋ ಹಾಗೆ ಬರೆದಿದ್ದಾರೆ. ಅದಾದ್ಮೇಲೆ ಪೊಲೀಸ್ ಸ್ಯಾಮ್ಯುಯೆಲ್ ಗೇಸನ್ ನೇತೃತ್ವದಲ್ಲಿ ಸೇಡು ತೀರಿಸ್ಕೊಳ್ಳೋಕೆ ಹೋದ ತಂಡ ವಾರಗಟ್ಟಲೆ ಸುತ್ತಿ ಕೊಂದಿದ್ದನ್ನ ಮಾತ್ರ ಎರಡು ವಾಕ್ಯದಲ್ಲಿ ಮುಗಿಸಿದ್ದಾರೆ. ಸರ್ಕಾರಿ ವರದಿಯಲ್ಲಿ ಸತ್ತವರ ಸಂಖ್ಯೆ ತೀರಾ ಕಡಿಮೆ, ನಿಜವಾಗಿ ಅದಕ್ಕಿಂತ ತುಂಬಾ ಹೆಚ್ಚು ಅಂತ ಆಮೇಲೆ ಬರೆದವರು ಹೇಳಿದ್ದಾರೆ. ಇಬ್ಬರ ಸಾವಿಗೆ ಆರು ಪುಟ, ಅಷ್ಟೊಂದು ಜನರ ಸಾವಿಗೆ ಎರಡು ವಾಕ್ಯ, ಇದು ನನಗೆ ತುಂಬಾ ನೋವು ಕೊಟ್ಟ ಜಾಗ.

ಇನ್ನೊಂದು ಪೂರ್ತಿ ಬಿಟ್ಟೇ ಹೋಗಿದೆ. ಆಲಿಸ್ ಸ್ಪ್ರಿಂಗ್ಸ್ ಟೆಲಿಗ್ರಾಫ್ ಸ್ಟೇಷನ್ 1932ರಲ್ಲಿ ಮುಚ್ಚಿದ ಮೇಲೆ ಅದೇ ಕಲ್ಲಿನ ಕಟ್ಟಡಗಳಲ್ಲಿ, ಮನೆಯವರಿಂದ ದೂರ ಮಾಡಿದ ಆದಿವಾಸಿ ಮಕ್ಕಳನ್ನ ಇಟ್ಟಿದ್ರು, ದಿ ಬಂಗಲೋ ಅಂತ ಕರೀತಿದ್ರು, 1942ರವರೆಗೆ. ಇವತ್ತು ಆ ಜಾಗಕ್ಕೆ ಹೋದೋರಿಗೆ ಎರಡು ಕಥೆಯೂ ಸಿಗತ್ತೆ, ಪುಸ್ತಕದಲ್ಲಿ ಒಂದೇ ಕಥೆ.

ಇನ್ನು ಸಣ್ಣಪುಟ್ಟದ್ದು. ಫೋಟೋಗಳು ಚೆನ್ನಾಗಿ ಪ್ರಿಂಟ್ ಆಗಿವೆ, ಕಂಬ ನೆಡೋರ ಗುಂಪು, ಸ್ಟೇಷನ್ ಕಟ್ಟಡಗಳು. ಹೆಸರುಗಳ ಸೂಚಿ ಅಚ್ಚುಕಟ್ಟಾಗಿದೆ. ಆದ್ರೆ ಪಾತ್ರಗಳು ತುಂಬಾ, ಅದರಲ್ಲೂ ಉತ್ತರದಲ್ಲಿ ಕಾಂಟ್ರ್ಯಾಕ್ಟ್ ರದ್ದು ಮಾಡಿದ ವಿಲಿಯಂ ಮೆಕ್‌ಮಿನ್ ಬೇರೆ, ನಡುವಿನ ಭಾಗದ ಸರ್ವೇಯರ್ ಗಿಲ್ಬರ್ಟ್ ಮೆಕ್‌ಮಿನ್ ಬೇರೆ, ಇಬ್ಬರೂ ಅಣ್ಣತಮ್ಮಂದಿರು, ಎಷ್ಟೋ ಕಡೆ ಬರೀ "ಮೆಕ್‌ಮಿನ್" ಅಂತಷ್ಟೇ ಹಾಕಿರೋದ್ರಿಂದ ಹಿಂದಿನ ಪುಟ ತಿರುಗಿಸಿ ನೋಡ್ಬೇಕಾಗತ್ತೆ, ಇದನ್ನ ಮೊದಲೇ ತಿಳ್ಕೊಂಡು ಓದಿ. ಇಂಗ್ಲಿಷ್ ಸರಳ, ಹೈಸ್ಕೂಲ್ ಮಕ್ಕಳೂ ಓದಬಹುದು.

ಇ-ಬುಕ್ ಬೇಡ, ಆ ಇರೋ ಒಂದು ಮ್ಯಾಪ್ ಸ್ಕ್ರೀನಲ್ಲಿ ಇನ್ನೂ ಹಾಳಾಗಿದೆ, ಪ್ರಿಂಟ್ ಕಾಪಿನೇ ತಗೊಳ್ಳಿ. ಟೈಮ್ ಕಡಿಮೆ ಇದ್ರೆ ಲಂಡನ್ನಿನ ಮಾತುಕತೆಯ ಅಧ್ಯಾಯಗಳನ್ನ ದಾಟಿ ನೇರವಾಗಿ ಡಾರ್ವಿನ್‌ನ ಮೊದಲ ಕಂಬದಿಂದ ಶುರು ಮಾಡಿ. ಐದರಲ್ಲಿ ನಾಲ್ಕು ಸ್ಟಾರ್ ಕೊಡ್ತೀನಿ, ಕಳೆದ ಒಂದು ಸ್ಟಾರ್ ಪೂರ್ತಿ ಬ್ಯಾರೋ ಕ್ರೀಕ್ ಅಧ್ಯಾಯಕ್ಕೆ.